ಅನುಕಂಪದ ಆಧಾರದ ಮೇಲೆ ಸರ್ಕಾರಿ ನೇಮಕಾತಿ: ಮೃತ ನೌಕರರ ಕುಟುಂಬದವರಿಗೆ ಮಾಹಿತಿ

1. ಪೀಠಿಕೆ

ಸರ್ಕಾರಿ ನೌಕರರೊಬ್ಬರು ಸೇವೆಯಲ್ಲಿರುವಾಗಲೇ ಮರಣ ಹೊಂದಿದಲ್ಲಿ, ಅವರ ವೇತನವನ್ನೇ ನಂಬಿ ಜೀವನ ನಡೆಸುತ್ತಿದ್ದ ಕುಟುಂಬವು ಒಮ್ಮೆಲೇ ಆಧಾರವನ್ನು ಕಳೆದುಕೊಳ್ಳುತ್ತದೆ. ಮನೆ ಬಾಡಿಗೆ, ಮಕ್ಕಳ ಶಾಲಾ ಶುಲ್ಕ, ಸಾಲದ ಕಂತು ಇವು ಯಾವುವೂ ದುಃಖಕ್ಕಾಗಿ ಕಾಯುವುದಿಲ್ಲ. ಇಂತಹ ಕುಟುಂಬವನ್ನು ತತ್‌ಕ್ಷಣದ ಸಂಕಷ್ಟದಿಂದ ಪಾರುಮಾಡುವ ಸಲುವಾಗಿ, ಅರ್ಹ ಅವಲಂಬಿತರೊಬ್ಬರಿಗೆ ಸ್ಪರ್ಧಾತ್ಮಕ ಪರೀಕ್ಷೆಯಿಲ್ಲದೆ ಸರ್ಕಾರಿ ಹುದ್ದೆ ನೀಡುವ ವ್ಯವಸ್ಥೆಯೇ ಅನುಕಂಪದ ಆಧಾರದ ಮೇಲಿನ ನೇಮಕಾತಿ.

ಈ ಸೌಲಭ್ಯದ ಬಗ್ಗೆ ಸಾರ್ವಜನಿಕರಲ್ಲಿ ಹಲವು ತಪ್ಪು ಕಲ್ಪನೆಗಳಿವೆ. ಅವುಗಳಲ್ಲಿ ಹೆಚ್ಚು ಹಾನಿ ಉಂಟುಮಾಡುವುದು, "ತಂದೆಯ ಕೆಲಸ ಹೇಗಿದ್ದರೂ ಮಗನಿಗೆ ಬರುತ್ತದೆ, ಮಗ ದೊಡ್ಡವನಾದ ಮೇಲೆ ಅರ್ಜಿ ಹಾಕಿದರಾಯಿತು" ಎಂಬ ನಂಬಿಕೆ. ಇದೇ ನಂಬಿಕೆಯಿಂದ ಕಾಲಮಿತಿ ಮೀರಿ, ನಿಜವಾಗಿಯೂ ಅರ್ಹವಾಗಿದ್ದ ಕುಟುಂಬಗಳೂ ಸೌಲಭ್ಯದಿಂದ ವಂಚಿತವಾಗುತ್ತವೆ. ಆದುದರಿಂದ ಅರ್ಜಿದಾರರು ಈ ಮಾಹಿತಿಯನ್ನು ಪೂರ್ಣವಾಗಿ ಓದಿಕೊಂಡು, ವಿಳಂಬವಿಲ್ಲದೆ ಕ್ರಮ ಕೈಗೊಳ್ಳುವಂತೆ ಕೋರಲಾಗಿದೆ.

2. ಅನ್ವಯವಾಗುವ ನಿಯಮಗಳು

ಕರ್ನಾಟಕ ರಾಜ್ಯ ಸರ್ಕಾರಿ ನೌಕರರ ಕುಟುಂಬಗಳಿಗೆ ಕರ್ನಾಟಕ ಸಿವಿಲ್ ಸೇವಾ (ಅನುಕಂಪದ ಆಧಾರದ ಮೇಲೆ ನೇಮಕಾತಿ) ನಿಯಮಗಳು, 1996 ಅನ್ವಯವಾಗುತ್ತವೆ. ಈ ನಿಯಮಗಳಿಗೆ 1999, 2012 ಮತ್ತು 2021ರಲ್ಲಿ ಮಹತ್ವದ ತಿದ್ದುಪಡಿಗಳಾಗಿವೆ.

ನಿಗಮ, ಮಂಡಳಿ, ಸರ್ಕಾರಿ ಕಂಪನಿ ಹಾಗೂ ಸಾರಿಗೆ ಸಂಸ್ಥೆಗಳ ನೌಕರರಿಗೆ ಆಯಾ ಸಂಸ್ಥೆಯ ನಿಯಮಾವಳಿಗಳು ಅನ್ವಯವಾಗುತ್ತವೆ. ಕೇಂದ್ರ ಸರ್ಕಾರಿ ನೌಕರರಿಗೆ ಪ್ರತ್ಯೇಕ ಯೋಜನೆಯಿದ್ದು, ಅದರ ವಿವರಗಳನ್ನು ಕ್ರಮಾಂಕ 10ರಲ್ಲಿ ನೀಡಲಾಗಿದೆ. ಒಂದು ಸಂಸ್ಥೆಯ ನಿಯಮವನ್ನು ತೋರಿಸಿ ಮತ್ತೊಂದು ಸಂಸ್ಥೆಯಲ್ಲಿ ಹುದ್ದೆ ಕೋರಲು ಬರುವುದಿಲ್ಲ. ಆದ್ದರಿಂದ ಮೃತರು ಯಾವ ಸೇವೆಗೆ ಸೇರಿದವರೆಂಬುದನ್ನು ಮೊದಲು ಖಚಿತಪಡಿಸಿಕೊಳ್ಳತಕ್ಕದ್ದು.

3. ಇದು ಹಕ್ಕೇ, ಸೌಲಭ್ಯವೇ?

ಸರ್ಕಾರಿ ಹುದ್ದೆ ಆಸ್ತಿಯಲ್ಲ. ಅದು ಮನೆ, ಜಮೀನುಗಳಂತೆ ವಾರಸುದಾರಿಕೆಯಿಂದ ಬರುವುದಿಲ್ಲ. ಸಾರ್ವಜನಿಕ ಉದ್ಯೋಗದಲ್ಲಿ ಎಲ್ಲ ನಾಗರಿಕರಿಗೂ ಸಮಾನ ಅವಕಾಶವಿರಬೇಕೆಂದು ಸಂವಿಧಾನದ 16ನೇ ಅನುಚ್ಛೇದವು ವಿಧಿಸುತ್ತದೆ. ಅನುಕಂಪದ ನೇಮಕಾತಿಯು ಈ ಸಾಮಾನ್ಯ ತತ್ವಕ್ಕೆ ಒಂದು ವಿನಾಯಿತಿ ಮಾತ್ರ.

ಹರಿಯಾಣ ರಾಜ್ಯಕ್ಕೆ ಸಂಬಂಧಿಸಿದ ಪ್ರಕರಣವೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು 1994ರಲ್ಲಿ ನೀಡಿದ ತೀರ್ಪು ಈ ವಿಷಯದಲ್ಲಿ ಇಂದಿಗೂ ಮಾರ್ಗದರ್ಶಿಯಾಗಿದೆ. ಕುಟುಂಬವು ಹಠಾತ್ತನೆ ಎದುರಿಸುವ ಆರ್ಥಿಕ ಬಿಕ್ಕಟ್ಟನ್ನು ದಾಟಲು ನೆರವಾಗುವುದೇ ಈ ನೇಮಕಾತಿಯ ಉದ್ದೇಶ. ಮೃತರು ಹೊಂದಿದ್ದಂತಹ ಹುದ್ದೆಯನ್ನೇ ಕೊಡುವುದು ಇದರ ಉದ್ದೇಶವಲ್ಲ. ಬಿಕ್ಕಟ್ಟಿನ ಕಾಲ ಕಳೆದ ಬಹು ವರ್ಷಗಳ ನಂತರ ಇದನ್ನು ಕೇಳಲಾಗದು ಎಂಬುದು ಆ ತೀರ್ಪಿನ ಸಾರಾಂಶ. ಕಾಲಮಿತಿ, ಅವಲಂಬನೆ, ಆದಾಯ, ಹುದ್ದೆಯ ದರ್ಜೆ ಕುರಿತಾಗಿ ಮುಂದೆ ವಿವರಿಸಿರುವ ಷರತ್ತುಗಳೆಲ್ಲವೂ ಈ ತತ್ವದಿಂದಲೇ ಹುಟ್ಟಿದವು.

ಆದಾಗ್ಯೂ, ನಿಯಮಾನುಸಾರ ಅರ್ಹರಾದವರ ಅರ್ಜಿಯನ್ನು ನ್ಯಾಯಯುತವಾಗಿ, ಸಕಾಲದಲ್ಲಿ ಪರಿಶೀಲಿಸುವುದು ಇಲಾಖೆಯ ಕರ್ತವ್ಯವಾಗಿರುತ್ತದೆ. ಹುದ್ದೆ ಹಕ್ಕಲ್ಲದಿದ್ದರೂ ಪರಿಶೀಲನೆ ಕೋರುವ ಹಕ್ಕು ಅರ್ಜಿದಾರರಿಗೆ ಇದೆ.

4. ಯಾರು ಅರ್ಹರು?

ಮೃತರನ್ನು ಅವಲಂಬಿಸಿದ್ದು, ಅವರೊಂದಿಗೆ ವಾಸವಾಗಿದ್ದ ಕುಟುಂಬ ಸದಸ್ಯರಿಗೆ ಮಾತ್ರ ಈ ನಿಯಮಗಳು ಅನ್ವಯವಾಗುತ್ತವೆ. ಕೇವಲ ರಕ್ತಸಂಬಂಧವಿದ್ದರೆ ಸಾಲದು; ಅವಲಂಬನೆಯೂ ಸಾಬೀತಾಗಬೇಕು.

ಅ) ಪತ್ನಿ ಅಥವಾ ಪತಿ: ಮೃತರು ಪುರುಷ ನೌಕರರಾಗಿದ್ದಲ್ಲಿ ಮೊದಲ ಆದ್ಯತೆ ಅವರ ಪತ್ನಿಗೆ. ಆಕೆ ಅರ್ಹರಲ್ಲದಿದ್ದಲ್ಲಿ ಅಥವಾ ಸಕಾರಣವಾಗಿ ಹುದ್ದೆ ಬೇಡವೆಂದಲ್ಲಿ ಮಕ್ಕಳ ಕೋರಿಕೆಯನ್ನು ಪರಿಗಣಿಸಲಾಗುತ್ತದೆ. ಮೃತರು ಮಹಿಳಾ ನೌಕರರಾಗಿದ್ದಲ್ಲಿ ಅವರ ಪತಿ ಮತ್ತು ಮಕ್ಕಳು ಅವಲಂಬಿತರ ವ್ಯಾಖ್ಯೆಗೆ ಬರುತ್ತಾರೆ.

ಆ) ಪುತ್ರಿಯರು: ಹಿಂದಿನ ನಿಯಮಗಳಲ್ಲಿ ವಿವಾಹಿತ ಪುತ್ರಿಗೆ ಅವಕಾಶವಿರಲಿಲ್ಲ. ಮಗನಿಗೆ ಮದುವೆಯಾಗಿದ್ದರೂ ಅರ್ಹತೆ ಉಳಿಯುತ್ತಿತ್ತು, ಮಗಳಿಗೆ ಉಳಿಯುತ್ತಿರಲಿಲ್ಲ. ಈ ತಾರತಮ್ಯವು ಸಂವಿಧಾನಬಾಹಿರವೆಂದು ಕರ್ನಾಟಕ ಉಚ್ಚ ನ್ಯಾಯಾಲಯವು ಡಿಸೆಂಬರ್ 2020ರಲ್ಲಿ ತೀರ್ಪು ನೀಡಿತು. ತದನಂತರ 2021ರ ತಿದ್ದುಪಡಿಯ ಮೂಲಕ ವಿವಾಹಿತ ಹಾಗೂ ವಿಚ್ಛೇದಿತ ಪುತ್ರಿಯರನ್ನೂ ನಿಯಮಗಳ ವ್ಯಾಪ್ತಿಗೆ ತರಲಾಯಿತು. ಆದರೆ ಅವಲಂಬನೆಯ ಷರತ್ತು ಅವರಿಗೂ ಅನ್ವಯವಾಗುತ್ತದೆ.

ಇ) ದತ್ತು ಮಕ್ಕಳು: ಅನುಕಂಪದ ನೇಮಕಾತಿಯಲ್ಲಿ ದತ್ತು ಮಗನಿಗೂ ಸ್ವಂತ ಮಗನಿಗೂ ಭೇದವೆಣಿಸಲಾಗದೆಂದು ಉಚ್ಚ ನ್ಯಾಯಾಲಯದ ಧಾರವಾಡ ಪೀಠವು 2022ರಲ್ಲಿ ತೀರ್ಪು ನೀಡಿದೆ. ದತ್ತು ಸ್ವೀಕಾರಕ್ಕೆ ಸಂಬಂಧಿಸಿದ ನೋಂದಾಯಿತ ಪತ್ರವಿದ್ದಲ್ಲಿ ಅರ್ಜಿಯೊಂದಿಗೆ ಲಗತ್ತಿಸುವುದು ಸೂಕ್ತ.

ಈ) ಸಹೋದರ, ಸಹೋದರಿಯರು: ಮೃತ ನೌಕರರು ವಿವಾಹಿತರಾಗಿದ್ದಲ್ಲಿ ಅವರ ಸಹೋದರ ಸಹೋದರಿಯರಿಗೆ ಅವಕಾಶವಿರುವುದಿಲ್ಲ. ಮೃತರು ಅವಿವಾಹಿತರಾಗಿದ್ದ ಪ್ರಕರಣಗಳಲ್ಲಿ ಮಾತ್ರ ಒಡಹುಟ್ಟಿದವರ ವಿಷಯ ಪರಿಗಣನೆಗೆ ಬರುತ್ತದೆ. ಅವಿವಾಹಿತ ಮಹಿಳಾ ನೌಕರರ ಸಹೋದರರಿಗೆ ಈ ಅವಕಾಶ ದೊರೆತದ್ದು 2012ರ ತಿದ್ದುಪಡಿಯಿಂದ. 2010ರಲ್ಲಿ ಮೃತಪಟ್ಟ ಶಾಲಾ ಶಿಕ್ಷಕಿಯೊಬ್ಬರ ಸಹೋದರರು ಈ ತಿದ್ದುಪಡಿಯ ಲಾಭ ಕೋರಿದಾಗ, ಮರಣದ ನಂತರ ಬಂದ ತಿದ್ದುಪಡಿಯು ಅವರಿಗೆ ಅನ್ವಯಿಸದೆಂದು ಸರ್ವೋಚ್ಚ ನ್ಯಾಯಾಲಯವು ಡಿಸೆಂಬರ್ 2021ರಲ್ಲಿ ತೀರ್ಮಾನಿಸಿತು.

ಸೇವೆಯಿಂದ ನಿವೃತ್ತರಾದ ಅಥವಾ ರಾಜೀನಾಮೆ ನೀಡಿದ ನಂತರ ಮರಣ ಹೊಂದಿದವರ ಕುಟುಂಬಕ್ಕೆ ಈ ಸೌಲಭ್ಯ ದೊರೆಯುವುದಿಲ್ಲ.

5. ಕಾಲಮಿತಿ (ವಿಶೇಷವಾಗಿ ಗಮನಿಸಬೇಕಾದ ಅಂಶ)

ನೌಕರರು ಮರಣ ಹೊಂದಿದ ದಿನಾಂಕದಿಂದ ಒಂದು ವರ್ಷದೊಳಗಾಗಿ ಅರ್ಜಿ ಸಲ್ಲಿಸತಕ್ಕದ್ದು. ಈ ಅವಧಿಯನ್ನು ಮರಣ ಪ್ರಮಾಣ ಪತ್ರ ದೊರೆತ ದಿನದಿಂದಾಗಲಿ, ಕುಟುಂಬ ಪಿಂಚಣಿ ಮಂಜೂರಾದ ದಿನದಿಂದಾಗಲಿ, ಕುಟುಂಬದೊಳಗಿನ ವ್ಯಾಜ್ಯ ಇತ್ಯರ್ಥವಾದ ದಿನದಿಂದಾಗಲಿ ಎಣಿಸುವುದಿಲ್ಲ.

ಅಪ್ರಾಪ್ತ ವಯಸ್ಸಿನ ಮಕ್ಕಳಿರುವ ಕುಟುಂಬಗಳು ಹೆಚ್ಚಿನ ಎಚ್ಚರ ವಹಿಸಬೇಕು. 1996ರ ಮೂಲ ನಿಯಮಗಳಲ್ಲಿ, ಅಪ್ರಾಪ್ತ ಅವಲಂಬಿತರು ಪ್ರಾಪ್ತ ವಯಸ್ಕರಾದ ನಂತರ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಲು ಅವಕಾಶವಿತ್ತು. ತಂದೆ ತೀರಿಕೊಂಡಾಗ ಐದು ವರ್ಷದವನಾಗಿದ್ದ ಬಾಲಕನೂ ಹದಿಮೂರು ವರ್ಷಗಳ ನಂತರ ಅರ್ಜಿ ಹಾಕಬಹುದಾಗಿತ್ತು. 1999ರ ತಿದ್ದುಪಡಿಯಿಂದ ಈ ಅವಕಾಶವನ್ನು ತೆಗೆದುಹಾಕಲಾಯಿತು. ಆದರೂ ಹಳೆಯ ನಿಯಮದ ನೆನಪು ಜನಮನದಲ್ಲಿ ಉಳಿದುಕೊಂಡಿದೆ.

ಇದರ ಪರಿಣಾಮ ಎಷ್ಟು ಗಂಭೀರವೆಂಬುದಕ್ಕೆ ಕರ್ನಾಟಕದ ಪ್ರಕರಣಗಳಲ್ಲಿ ಸರ್ವೋಚ್ಚ ನ್ಯಾಯಾಲಯವು ಮಾರ್ಚ್ 2020ರಲ್ಲಿ ನೀಡಿದ ತೀರ್ಪು ನಿದರ್ಶನ. ತಿದ್ದುಪಡಿಯ ಷರತ್ತನ್ನು ಪೂರೈಸದೆ ನೇಮಕಗೊಂಡಿದ್ದವರ ನೇಮಕಾತಿ ರದ್ದಾಗಿದ್ದು, ಆ ಕ್ರಮವನ್ನು ನ್ಯಾಯಾಲಯವು ಎತ್ತಿಹಿಡಿಯಿತು. ಅಂದರೆ ಕಾಲಮಿತಿ ಮೀರಿದ ಅರ್ಜಿಯ ಮೇಲೆ ಹುದ್ದೆ ದೊರೆತರೂ ಅದು ಭದ್ರವಲ್ಲ.

ಆದ್ದರಿಂದ ಮಕ್ಕಳು ಚಿಕ್ಕವರಿರುವ ಮನೆಯಲ್ಲಿ, ಬದುಕುಳಿದ ತಾಯಿ ಅಥವಾ ತಂದೆಯೇ ಅರ್ಜಿ ಸಲ್ಲಿಸುವ ಸಾಧ್ಯತೆಯನ್ನು ಮೊದಲು ಪರಿಶೀಲಿಸಬೇಕು. "ನನಗೆ ಓದು ಸಾಲದು, ಕಚೇರಿಯ ಕೆಲಸ ಬಾರದು" ಎಂಬ ಹಿಂಜರಿಕೆಯಿಂದ ಅನೇಕ ತಾಯಂದಿರು ಹಿಂದೆ ಸರಿಯುತ್ತಾರೆ. ಯಾವ ಹುದ್ದೆಗೆ ಯಾವ ವಿದ್ಯಾರ್ಹತೆ ಬೇಕೆಂಬುದನ್ನು ಕಚೇರಿಯಲ್ಲಿ ವಿಚಾರಿಸಿ ತಿಳಿದುಕೊಂಡ ನಂತರವೇ ಇಂತಹ ತೀರ್ಮಾನಕ್ಕೆ ಬರುವುದು ಒಳಿತು. ಮಗನ ಹೆಸರಿಗೆ ಹುದ್ದೆಯನ್ನು "ಕಾಯ್ದಿರಿಸುವ" ವ್ಯವಸ್ಥೆ ನಿಯಮಗಳಲ್ಲಿ ಇಲ್ಲ.

6. ಕುಟುಂಬದ ಆರ್ಥಿಕ ಸ್ಥಿತಿ

ಮರಣ ಸಂಭವಿಸಿದ ಮಾತ್ರಕ್ಕೆ ನೇಮಕಾತಿ ದೊರೆಯುವುದಿಲ್ಲ. ಕುಟುಂಬವು ಆರ್ಥಿಕ ಸಂಕಷ್ಟದಲ್ಲಿದೆಯೇ ಎಂಬುದನ್ನು ಸಕ್ಷಮ ಪ್ರಾಧಿಕಾರವು ಪರಿಶೀಲಿಸುತ್ತದೆ. ಎಲ್ಲ ಮೂಲಗಳಿಂದ ಬರುವ ಆದಾಯ, ದುಡಿಯುವ ಇತರ ಸದಸ್ಯರು, ಸ್ಥಿರಾಸ್ತಿ ಹಾಗೂ ಅವಲಂಬಿತರ ಸಂಖ್ಯೆ ಇವು ಪರಿಶೀಲನೆಯಲ್ಲಿ ಮುಖ್ಯವಾಗುತ್ತವೆ.

ಬ್ಯಾಂಕ್ ನೌಕರರೊಬ್ಬರ ಪ್ರಕರಣದಲ್ಲಿ, ಕುಟುಂಬ ಪಿಂಚಣಿ ಬರುತ್ತಿದೆಯೆಂಬ ಒಂದೇ ಕಾರಣಕ್ಕೆ ಅರ್ಜಿಯನ್ನು ನಿರಾಕರಿಸಲಾಗದೆಂದು ಸರ್ವೋಚ್ಚ ನ್ಯಾಯಾಲಯವು 2015ರಲ್ಲಿ ಹೇಳಿತು. ಇಂತಹುದೇ ಮತ್ತೊಂದು ಪ್ರಕರಣದಲ್ಲಿ, ನೇಮಕಾತಿ ನೀಡದಿದ್ದರೆ ಕುಟುಂಬದ ದಿನನಿತ್ಯದ ನಿರ್ವಹಣೆಯೇ ಕಷ್ಟವೆನ್ನುವ ಸ್ಥಿತಿ ಇರಬೇಕು, ಜೀವನಮಟ್ಟ ತುಸು ಇಳಿದಿದೆಯೆಂಬುದಷ್ಟೇ ಸಾಲದು ಎಂಬ ಕಟ್ಟುನಿಟ್ಟಿನ ನಿಲುವನ್ನು ಅದೇ ನ್ಯಾಯಾಲಯವು 2025ರಲ್ಲಿ ತಳೆಯಿತು. ಎರಡನ್ನೂ ಒಟ್ಟಿಗೆ ಓದಿದಾಗ ತಿಳಿಯುವುದಿಷ್ಟು: ಆದಾಯವನ್ನು ಮುಚ್ಚಿಡುವುದರಿಂದ ಪ್ರಯೋಜನವಿಲ್ಲ, ಆದಾಯದೊಂದಿಗೆ ಸಾಲ, ಔಷಧೋಪಚಾರ, ವಿದ್ಯಾಭ್ಯಾಸ ಮುಂತಾದ ಹೊಣೆಗಳನ್ನೂ ದಾಖಲೆ ಸಹಿತ ತಿಳಿಸಬೇಕು.

7. ಹುದ್ದೆ ಮತ್ತು ವಿದ್ಯಾರ್ಹತೆ

ಅನುಕಂಪದ ಆಧಾರದ ಮೇಲೆ ಗ್ರೂಪ್ 'ಸಿ' ಅಥವಾ ಗ್ರೂಪ್ 'ಡಿ' ಹುದ್ದೆಗಳಿಗೆ ಮಾತ್ರ ನೇಮಕ ಮಾಡಲಾಗುತ್ತದೆ. ಮೃತರು ಉನ್ನತ ಅಧಿಕಾರಿಯಾಗಿದ್ದರೂ, ಅರ್ಜಿದಾರರು ಸ್ನಾತಕೋತ್ತರ ಪದವೀಧರರಾಗಿದ್ದರೂ ಇದಕ್ಕಿಂತ ಮೇಲಿನ ಹುದ್ದೆ ಕೋರಲು ಅವಕಾಶವಿಲ್ಲ. ಹುದ್ದೆಗೆ ನಿಗದಿಪಡಿಸಿದ ವಿದ್ಯಾರ್ಹತೆಯನ್ನು ಅರ್ಜಿದಾರರು ಹೊಂದಿರಬೇಕು ಮತ್ತು ಹುದ್ದೆ ಖಾಲಿ ಇರಬೇಕು.

ನೇಮಕಗೊಂಡವರ ಸೇವಾ ಜ್ಯೇಷ್ಠತೆಯು ಅವರದೇ ನೇಮಕದ ಆಧಾರದ ಮೇಲೆ ನಿರ್ಧಾರವಾಗುತ್ತದೆ. ಮೃತರ ಸೇವಾವಧಿಯು ಅವರ ಲೆಕ್ಕಕ್ಕೆ ಸೇರುವುದಿಲ್ಲ.

8. ಅರ್ಜಿ ಸಲ್ಲಿಸುವ ವಿಧಾನ

ನಿಗದಿತ ನಮೂನೆಯ ಅರ್ಜಿಯನ್ನು, ಮೃತರು ಕೊನೆಯದಾಗಿ ಕಾರ್ಯನಿರ್ವಹಿಸುತ್ತಿದ್ದ ಕಚೇರಿಯ ಮುಖ್ಯಸ್ಥರ ಮೂಲಕ ಇಲಾಖಾ ಮುಖ್ಯಸ್ಥರಿಗೆ ಸಲ್ಲಿಸಬೇಕು. ಸಾಮಾನ್ಯವಾಗಿ ಈ ಕೆಳಕಂಡ ದಾಖಲೆಗಳನ್ನು ಕೇಳಲಾಗುತ್ತದೆ:

1. ಮರಣ ಪ್ರಮಾಣ ಪತ್ರ
2. ಬದುಕಿರುವ ಕುಟುಂಬ ಸದಸ್ಯರ ದೃಢೀಕರಣ ಪತ್ರ ಅಥವಾ ವಂಶವೃಕ್ಷ
3. ಕುಟುಂಬದ ಆದಾಯ ಪ್ರಮಾಣ ಪತ್ರ
4. ಅರ್ಜಿದಾರರ ಜನ್ಮ ದಿನಾಂಕ ಮತ್ತು ವಿದ್ಯಾರ್ಹತೆಯ ದಾಖಲೆಗಳು (ಎಸ್.ಎಸ್.ಎಲ್.ಸಿ. ಅಂಕಪಟ್ಟಿ ಇತ್ಯಾದಿ)
5. ಜಾತಿ ಪ್ರಮಾಣ ಪತ್ರ (ಅನ್ವಯಿಸುವಲ್ಲಿ)
6. ಕುಟುಂಬದ ಇತರ ಸದಸ್ಯರ ಒಪ್ಪಿಗೆ ಅಥವಾ ನಿರಾಕ್ಷೇಪಣಾ ಪತ್ರ
7. ಪಡಿತರ ಚೀಟಿ, ಆಧಾರ್ ಚೀಟಿ ಮುಂತಾದ ವಾಸಸ್ಥಳದ ದಾಖಲೆಗಳು
8. ಮೃತರ ಸೇವಾ ವಿವರಗಳು (ಕಚೇರಿಯಿಂದ ದೊರೆಯುತ್ತವೆ)

ಆದಾಯ, ಜಾತಿ ಮತ್ತು ಕುಟುಂಬ ಸದಸ್ಯರ ದೃಢೀಕರಣ ಪತ್ರಗಳಿಗಾಗಿ ಹೋಬಳಿ ಮಟ್ಟದ ನಾಡಕಚೇರಿಯಲ್ಲಿ ಅರ್ಜಿ ಸಲ್ಲಿಸಬಹುದು. ಮರಣವನ್ನು 21 ದಿನಗಳೊಳಗೆ ನೋಂದಾಯಿಸುವುದು ಅವಶ್ಯ. ತಡವಾದಷ್ಟೂ ಶುಲ್ಕ, ಅನುಮತಿ ಹಾಗೂ ಆದೇಶಗಳ ಅಲೆದಾಟ ಹೆಚ್ಚುತ್ತದೆ.

ಯಾವುದೇ ಒಂದು ದಾಖಲೆ ತಡವಾಗುತ್ತಿದೆಯೆಂದು ಅರ್ಜಿಯನ್ನೇ ತಡೆಹಿಡಿಯಬಾರದು. ಲಭ್ಯವಿರುವ ದಾಖಲೆಗಳೊಂದಿಗೆ ಅವಧಿಯೊಳಗೆ ಅರ್ಜಿ ಸಲ್ಲಿಸಿ, ಉಳಿದವುಗಳನ್ನು ನಂತರ ಒದಗಿಸುವುದಾಗಿ ಅರ್ಜಿಯಲ್ಲೇ ಬರೆಯುವುದು ಸೂಕ್ತ. ಅರ್ಜಿಯ ನಕಲು ಪ್ರತಿಯ ಮೇಲೆ ದಿನಾಂಕ ಮತ್ತು ಮೊಹರು ಸಹಿತ ಸ್ವೀಕೃತಿಯನ್ನು ತಪ್ಪದೇ ಪಡೆದುಕೊಳ್ಳಬೇಕು. "ಸಾಹೇಬರಿಗೆ ಹೇಳಿದ್ದೇವೆ, ಅವರು ನೋಡಿಕೊಳ್ಳುತ್ತಾರೆ" ಎಂಬ ಬಾಯಿಮಾತಿಗೆ ಕಡತದಲ್ಲಿ ಬೆಲೆಯಿಲ್ಲ.

ಯಾರ ಹೆಸರಿನಲ್ಲಿ ಅರ್ಜಿ ಸಲ್ಲಿಸಬೇಕೆಂಬುದನ್ನು ಕುಟುಂಬದವರು ಕುಳಿತು ಮೊದಲೇ ತೀರ್ಮಾನಿಸುವುದು ಒಳ್ಳೆಯದು. ಒಂದೇ ಮನೆಯಿಂದ ಇಬ್ಬರು ಅರ್ಜಿ ಹಾಕಿ ಪರಸ್ಪರ ಆಕ್ಷೇಪಣೆ ಸಲ್ಲಿಸಿದಲ್ಲಿ ಕಡತ ನಿಲ್ಲುತ್ತದೆ, ಕಾಲಮಿತಿ ನಿಲ್ಲುವುದಿಲ್ಲ.

9. ಅರ್ಜಿ ತಿರಸ್ಕೃತವಾದಲ್ಲಿ

ತಿರಸ್ಕಾರದ ಕಾರಣಗಳನ್ನು ತಿಳಿಸುವ ಹಿಂಬರಹವನ್ನು ಲಿಖಿತವಾಗಿ ಪಡೆಯಬೇಕು. ಅರ್ಜಿಯ ಸ್ಥಿತಿ ತಿಳಿಯದಿದ್ದಲ್ಲಿ ಮಾಹಿತಿ ಹಕ್ಕು ಅಧಿನಿಯಮ, 2005ರಡಿ 10 ರೂಪಾಯಿ ಶುಲ್ಕದೊಂದಿಗೆ ಕಡತದ ಮಾಹಿತಿ ಕೋರಬಹುದು. ಸಾಮಾನ್ಯವಾಗಿ 30 ದಿನಗಳೊಳಗೆ ಉತ್ತರ ನೀಡತಕ್ಕದ್ದು.

ರಾಜ್ಯ ಸರ್ಕಾರಿ ಸೇವೆಗೆ ಸಂಬಂಧಿಸಿದ ಪ್ರಕರಣಗಳಲ್ಲಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯ ಮೊರೆ ಹೋಗಬಹುದು. ಆಡಳಿತ ನ್ಯಾಯಮಂಡಳಿಗಳ ಅಧಿನಿಯಮ, 1985ರ ಪ್ರಕಾರ ಅಂತಿಮ ಆದೇಶದ ದಿನಾಂಕದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ಮತ್ತೆ ಮತ್ತೆ ಮನವಿ ಪತ್ರಗಳನ್ನು ಬರೆಯುತ್ತಿದ್ದ ಮಾತ್ರಕ್ಕೆ ಈ ಅವಧಿ ವಿಸ್ತರಣೆಯಾಗುವುದಿಲ್ಲ. ವಕೀಲರ ವೆಚ್ಚ ಭರಿಸಲಾಗದ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡದವರು ಹಾಗೂ ಕಡಿಮೆ ಆದಾಯದವರು ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಉಚಿತ ಕಾನೂನು ನೆರವು ಕೋರಬಹುದು.

10. ಕೇಂದ್ರ ಸರ್ಕಾರಿ ನೌಕರರ ಕುಟುಂಬಗಳಿಗೆ

ಕೇಂದ್ರ ಸರ್ಕಾರದ ಇಲಾಖೆಗಳಲ್ಲಿ ಸೇವೆ ಸಲ್ಲಿಸುತ್ತಿದ್ದವರ ಕುಟುಂಬಗಳಿಗೆ ಸಿಬ್ಬಂದಿ ಮತ್ತು ತರಬೇತಿ ಇಲಾಖೆಯು 1998ರಲ್ಲಿ ಹೊರಡಿಸಿ, 2013 ಮತ್ತು 2022ರಲ್ಲಿ ಕ್ರೋಡೀಕರಿಸಿದ ಯೋಜನೆ ಅನ್ವಯವಾಗುತ್ತದೆ. ಅದರ ಮುಖ್ಯಾಂಶಗಳು:

- ನೇರ ನೇಮಕಾತಿಯ ಗ್ರೂಪ್ 'ಸಿ' ಖಾಲಿ ಹುದ್ದೆಗಳಲ್ಲಿ ಶೇಕಡ 5ರಷ್ಟನ್ನು ಮಾತ್ರ ಈ ರೀತಿ ಭರ್ತಿ ಮಾಡಬಹುದು. ಹೀಗಾಗಿ ಅರ್ಹರೆಲ್ಲರಿಗೂ ಹುದ್ದೆ ದೊರೆಯುವುದಿಲ್ಲ. ಹೆಚ್ಚು ಸಂಕಷ್ಟದಲ್ಲಿರುವ ಕುಟುಂಬಕ್ಕೆ ಆದ್ಯತೆ ದೊರೆಯುತ್ತದೆ.
- ದಿನಗೂಲಿ, ಗುತ್ತಿಗೆ ಹಾಗೂ ತಾತ್ಕಾಲಿಕ ನೌಕರರ ಕುಟುಂಬಗಳಿಗೆ ಯೋಜನೆ ಅನ್ವಯಿಸುವುದಿಲ್ಲ.
- ಕಾಣೆಯಾದ ನೌಕರರ ಪ್ರಕರಣದಲ್ಲಿ, ಪೊಲೀಸ್ ದೂರು ದಾಖಲಾಗಿದ್ದಲ್ಲಿ, ನೌಕರರು ಕಾಣೆಯಾದ ದಿನಾಂಕದಿಂದ ಕನಿಷ್ಠ ಎರಡು ವರ್ಷ ಕಳೆದ ನಂತರ ಕೋರಿಕೆಯನ್ನು ಪರಿಗಣಿಸಬಹುದು.
- ನೇಮಕಗೊಂಡವರು ಕುಟುಂಬದ ಇತರ ಅವಲಂಬಿತರನ್ನು ಪೋಷಿಸುವುದಾಗಿ ಮುಚ್ಚಳಿಕೆ ಬರೆದುಕೊಡಬೇಕು. ಅದಕ್ಕೆ ತಪ್ಪಿದಲ್ಲಿ ಸೇವೆಯಿಂದ ತೆಗೆದುಹಾಕಲು ಅವಕಾಶವಿದೆ.

ಈ ಪ್ರಕರಣಗಳ ವ್ಯಾಜ್ಯಗಳನ್ನು ಕೇಂದ್ರೀಯ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠದಲ್ಲಿ ಸಲ್ಲಿಸಬಹುದು.

11. ಪದೇ ಪದೇ ಕೇಳಲಾಗುವ ಪ್ರಶ್ನೆಗಳು

ಪ್ರಶ್ನೆ: ನನ್ನ ಪತಿ ತೀರಿಕೊಂಡು ಎಂಟು ತಿಂಗಳಾಗಿದೆ. ಪಿಂಚಣಿ ಕಡತ ಮುಗಿದ ಮೇಲೆ ಅರ್ಜಿ ಸಲ್ಲಿಸಬಹುದೇ?
ಉತ್ತರ: ಬೇಡ. ಎರಡೂ ಬೇರೆ ಬೇರೆ ಕಡತಗಳು. ತಮಗೆ ಉಳಿದಿರುವುದು ನಾಲ್ಕು ತಿಂಗಳು ಮಾತ್ರ. ಕೂಡಲೇ ಅರ್ಜಿ ಸಲ್ಲಿಸಿ.

ಪ್ರಶ್ನೆ: ಹುದ್ದೆಗೆ ಅರ್ಜಿ ಹಾಕಿದರೆ ಕುಟುಂಬ ಪಿಂಚಣಿ, ಉಪದಾನ ಮತ್ತು ವಿಮಾ ಹಣ ನಿಂತುಹೋಗುವುದೇ?
ಉತ್ತರ: ಇಲ್ಲ. ಅವು ಮೃತರ ಸೇವೆಯಿಂದ ಕುಟುಂಬಕ್ಕೆ ಸಲ್ಲಬೇಕಾದ ಮೊತ್ತಗಳು. ಅನುಕಂಪದ ನೇಮಕಾತಿಗೆ ಅರ್ಜಿ ಸಲ್ಲಿಸಿದ ಮಾತ್ರಕ್ಕೆ ಅವು ನಿಲ್ಲುವುದಿಲ್ಲ.

ಪ್ರಶ್ನೆ: ತಾಯಿ ತೀರಿಕೊಂಡ ನಂತರ ನನಗೆ ವಿವಾಹ ವಿಚ್ಛೇದನವಾಯಿತು. ವಿಚ್ಛೇದಿತ ಪುತ್ರಿಯೆಂದು ಅರ್ಜಿ ಹಾಕಬಹುದೇ?
ಉತ್ತರ: ಕರ್ನಾಟಕದ ಇಂತಹುದೇ ಪ್ರಕರಣವೊಂದರಲ್ಲಿ, ತಾಯಿಯ ಮರಣದ ಕಾಲದಲ್ಲಿ ಪುತ್ರಿಯು ಅವಲಂಬಿತಳಾಗಿರಲಿಲ್ಲವೆಂಬ ಅಂಶವನ್ನೂ ಗಣನೆಗೆ ತೆಗೆದುಕೊಂಡು ಸರ್ವೋಚ್ಚ ನ್ಯಾಯಾಲಯವು ಸೆಪ್ಟೆಂಬರ್ 2021ರಲ್ಲಿ ಕೋರಿಕೆಯನ್ನು ನಿರಾಕರಿಸಿದೆ. ಮರಣದ ನಂತರ ಬದಲಾದ ಸ್ಥಿತಿಯಿಂದ ಅವಲಂಬನೆ ಸಾಬೀತಾಗುವುದಿಲ್ಲ.

ಪ್ರಶ್ನೆ: ಎರಡನೇ ಪತ್ನಿಯ ಮಕ್ಕಳಿಗೆ ಅವಕಾಶವಿದೆಯೇ?
ಉತ್ತರ: ರೈಲ್ವೆ ನೌಕರರೊಬ್ಬರ ಪ್ರಕರಣದಲ್ಲಿ, ಎರಡನೇ ಪತ್ನಿಯ ಮಗನೆಂಬ ಒಂದೇ ಕಾರಣಕ್ಕೆ ಅರ್ಜಿಯನ್ನು ನಿರಾಕರಿಸುವುದು ಸಂವಿಧಾನಕ್ಕೆ ವಿರುದ್ಧವೆಂದು ಸರ್ವೋಚ್ಚ ನ್ಯಾಯಾಲಯವು ಫೆಬ್ರವರಿ 2022ರಲ್ಲಿ ಹೇಳಿದೆ. ಉಳಿದ ಷರತ್ತುಗಳನ್ನು ಮಾತ್ರ ಪೂರೈಸಲೇಬೇಕು.

ಪ್ರಶ್ನೆ: ಹಣ ಕೊಟ್ಟರೆ ಬೇಗ ಆದೇಶ ಮಾಡಿಸಿಕೊಡುವುದಾಗಿ ಒಬ್ಬರು ಹೇಳುತ್ತಿದ್ದಾರೆ.
ಉತ್ತರ: ಮಧ್ಯವರ್ತಿಗಳನ್ನು ನಂಬಬೇಡಿ. ಲಂಚದ ಬೇಡಿಕೆ ಬಂದಲ್ಲಿ ಕರ್ನಾಟಕ ಲೋಕಾಯುಕ್ತಕ್ಕೆ ದೂರು ನೀಡಬಹುದು. ಸುಳ್ಳು ದಾಖಲೆಯಿಂದ ಪಡೆದ ನೇಮಕಾತಿಯು ಯಾವಾಗ ಬೇಕಾದರೂ ರದ್ದಾಗಬಹುದು. ಕಾನೂನು ಕ್ರಮವೂ ಎದುರಾಗಬಹುದು.

12. ಕಚೇರಿ ಮುಖ್ಯಸ್ಥರಿಗೆ ಮತ್ತು ಸಹೋದ್ಯೋಗಿಗಳಿಗೆ ಮನವಿ

ಸಹೋದ್ಯೋಗಿಯೊಬ್ಬರು ನಿಧನರಾದಾಗ ಕಚೇರಿಯವರು ಮನೆಗೆ ಹೋಗಿ ಸಾಂತ್ವನ ಹೇಳುವುದು ವಾಡಿಕೆ. ಅದರೊಂದಿಗೆ, ಒಂದು ವರ್ಷದ ಕಾಲಮಿತಿಯನ್ನೂ ಅರ್ಜಿ ನಮೂನೆಯನ್ನೂ ಕುಟುಂಬಕ್ಕೆ ತಲುಪಿಸಿದಲ್ಲಿ ಅದು ದೊಡ್ಡ ಉಪಕಾರವಾಗುತ್ತದೆ. ಶೋಕದಲ್ಲಿರುವ ಮನೆಯವರು ನಿಯಮ ಪುಸ್ತಕವನ್ನು ಹುಡುಕಿಕೊಂಡು ಬರುವುದಿಲ್ಲ. ನಿಯಮ ಬಲ್ಲವರೇ ಅವರ ಬಳಿಗೆ ಹೋಗಬೇಕಾಗುತ್ತದೆ.

ಸೂಚನೆ: ಈ ಪುಟದ ವಿವರಗಳನ್ನು ಸಾರ್ವಜನಿಕರ ತಿಳುವಳಿಕೆಗಾಗಿ ಮಾತ್ರ ನೀಡಲಾಗಿದೆ. ಅಧಿಕೃತ ನಿಯಮಗಳು ಹಾಗೂ ಕಾಲಕಾಲಕ್ಕೆ ಆಗುವ ತಿದ್ದುಪಡಿಗಳೇ ಅಂತಿಮವಾಗಿರುತ್ತವೆ. ಅರ್ಜಿ ಸಲ್ಲಿಸುವ ಮುನ್ನ ಸಂಬಂಧಪಟ್ಟ ಕಚೇರಿಯ ಆಡಳಿತ ಶಾಖೆಯನ್ನು ಸಂಪರ್ಕಿಸಿ, ಜಾರಿಯಲ್ಲಿರುವ ನಿಯಮ ಮತ್ತು ನಮೂನೆಯನ್ನು ಖಚಿತಪಡಿಸಿಕೊಳ್ಳಲು ಕೋರಿದೆ.